ಸ್ಟೇ ಇದೆ ಸರಿ, ಅವರಿಗೆ ಗೊತ್ತಿತ್ತಾ?

ಅಡಿಕೆ ಕೊಯ್ಲು ಹತ್ತಿರ ಬಂದರೆ ನನ್ನ ವಕೀಲಿ ಆಫೀಸಿನಲ್ಲಿ ಒಂದೇ ಮಾತು. "ಸರ್, ಸ್ಟೇ ಇದ್ದರೂ ತೋಟದ ದಾರಿಗೆ ಮಣ್ಣು ಸುರಿದಿದ್ದಾನೆ. ಇವತ್ತೇ ಒಳಗೆ ಹಾಕಿಸಿ." ಸಿಟ್ಟು ನ್ಯಾಯವಾದದ್ದೇ. ದಾರಿ ಇಲ್ಲದಿದ್ದರೆ ಅಡಿಕೆ ಕೊನೆ ಹೊರಗೆ ತರೋದು ಹೇಗೆ? ಆದರೆ ನಾನು ಮೊದಲು ಕೇಳೋದು ಬೇರೆ. ಆದೇಶ ಆಗಿರೋದು ಅವರಿಗೆ ಗೊತ್ತಿತ್ತಾ? ಗೊತ್ತಿತ್ತು ಅನ್ನೋದಕ್ಕೆ ನಿಮ್ಮ ಹತ್ತಿರ ಏನಿದೆ? ಇಲ್ಲಿಗೆ ಬಹಳ ಜನ ಸುಮ್ಮನಾಗುತ್ತಾರೆ.

ಸ್ಟೇ, ಅಂದರೆ ಮಧ್ಯಂತರ ತಡೆಯಾಜ್ಞೆ, ಮೀರಿದವರ ಮೇಲೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ 2ಎ ನಿಯಮದಡಿ ಅರ್ಜಿ ಹಾಕಬೇಕು. ಆಸ್ತಿ ಜಪ್ತಿ ಮಾಡಬಹುದು, 3 ತಿಂಗಳವರೆಗೆ ಸಿವಿಲ್ ಜೈಲಿಗೂ ಕಳಿಸಬಹುದು. ಶಿಕ್ಷೆಯ ಮಾತು ಬಂದ ಕೂಡಲೇ ನ್ಯಾಯಾಧೀಶರು ಹುಷಾರಾಗುತ್ತಾರೆ. ಆಗಲೇಬೇಕು. ಎದುರಿನವರು ತಕರಾರು ಸಲ್ಲಿಸುತ್ತಾರೆ, ಸಾಕ್ಷಿ ನಡೆಯುತ್ತದೆ, ಪಾಟೀ ಸವಾಲು ಆಗುತ್ತದೆ. ಬೇಕೆಂದೇ ಮೀರಿದರು ಅಂತ ನಾವು ತೋರಿಸಬೇಕು. ಆದೇಶವೇ ಗೊತ್ತಿಲ್ಲದವರು ಬೇಕೆಂದೇ ಮೀರೋದು ಹೇಗೆ?

ಹೊಸನಗರ ಕಡೆಯ ಒಬ್ಬರು ಹಿರಿಯರು ನೆನಪಾಗುತ್ತಾರೆ. ಮಂಗಳವಾರ ಏಕಪಕ್ಷೀಯ ಆದೇಶ, ಅಂದರೆ ಎದುರಿನವರ ಮಾತು ಕೇಳುವ ಮೊದಲೇ ಕೊಡುವ ಆದೇಶ, ಸಿಕ್ಕಿತು. ನಿಯಮದಂತೆ ಎದುರಿನವರಿಗೆ ರಿಜಿಸ್ಟರ್ಡ್ ಪೋಸ್ಟ್ ಹಾಕಿದೆವು. ಹಿರಿಯರು ತಮ್ಮ ಪ್ರತಿಯನ್ನು ಪ್ಲಾಸ್ಟಿಕ್ ಕವರಿಗೆ ಹಾಕಿ, ಮಡಿಸಿ, ಬೀರುವಿನಲ್ಲಿಟ್ಟು ಬೀಗ ಹಾಕಿದರು. ಶುಕ್ರವಾರ ಬೆಳಿಗ್ಗೆ ಜೆಸಿಬಿ ಬಂತು. ಪೋಸ್ಟ್ ತಲುಪಿರಲಿಲ್ಲ. ಕೋರ್ಟಿನ ಅಮೀನರು ನೋಟಿಸ್ ಕೊಟ್ಟಿದ್ದು ಮುಂದಿನ ಸೋಮವಾರ.

"ಚಹಾದಂಗಡಿ ಮುಂದೆ ನಾಲ್ಕು ಜನರ ಎದುರು ಹೇಳಿದ್ದೆ ಕಣ್ರೀ" ಅಂದರು. ಒಳ್ಳೆಯದೇ. ನೋಟಿಸ್ ಕೈಗೆ ಸಿಗದಿದ್ದರೂ ವಿಷಯ ತಿಳಿದಿತ್ತು ಅಂತ ಸಾಬೀತಾದರೆ ಸಾಕಾಗಬಹುದು. ಆದರೆ ಆ ನಾಲ್ವರಲ್ಲಿ ಒಬ್ಬರೂ ಕೋರ್ಟಿಗೆ ಬರಲಿಲ್ಲ. ಅಂಗಡಿಯವರು ನನ್ನ ಹತ್ತಿರವೇ ಕೈ ಮುಗಿದರು: "ಇಬ್ಬರೂ ನಮ್ಮೂರವರೇ ಸ್ವಾಮಿ. ನಾಳೆಯೂ ಇಬ್ಬರಿಗೂ ನಾನೇ ಚಹಾ ಕೊಡಬೇಕು." ಅವರ ಮೇಲೆ ನನಗೆ ಬೇಜಾರಿಲ್ಲ. ನಮ್ಮ ಊರುಗಳಲ್ಲಿ ಮನೆಯಿಂದ ಮನೆಗೆ ಒಂದು ಗುಡ್ಡ ದೂರ ಇರಬಹುದು, ಮುಖ ತಪ್ಪಿಸಿಕೊಂಡು ಬದುಕೋಕೆ ಮಾತ್ರ ಆಗಲ್ಲ. 2ಎ ಅರ್ಜಿ ವಜಾ ಆಯಿತು.

ಅದಕ್ಕೇ ಗೋಗರೆಯುತ್ತೇನೆ. ಆದೇಶ ಆದ ದಿನವೇ ಪ್ರತಿಗೆ ಅರ್ಜಿ ಹಾಕಿ. ಹ್ಯಾಂಡ್ ಸಮನ್ಸ್, ಅಂದರೆ ಕೋರ್ಟಿನ ನೋಟಿಸನ್ನು ನಾವೇ ಕೈಯಾರೆ ತಲುಪಿಸೋ ಅನುಮತಿ, ಕೇಳಿ ಅಂತ ನಿಮ್ಮ ವಕೀಲರಿಗೆ ಹೇಳಿ. ಪ್ರತಿಯ ಫೋಟೊ ತೆಗೆದು ಎದುರಿನವರಿಗೆ ವಾಟ್ಸಾಪ್ ಮಾಡಿ, ಅವರು ನೋಡಿದ ನೀಲಿ ಗುರುತು ಬಂದರೆ ಆ ಮೆಸೇಜ್ ಅಳಿಸಬೇಡಿ, ಫೋನನ್ನೂ ಬದಲಿಸಬೇಡಿ. ಅದನ್ನು ಸಾಕ್ಷಿಯಾಗಿ ಹಾಜರುಪಡಿಸಲು ಪ್ರಮಾಣಪತ್ರ ಬೇಕು, 2024ರ ಜುಲೈ 1ರಿಂದ ಅದು ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಂನಡಿ. ಪೊಲೀಸ್ ಠಾಣೆಗೂ ಒಂದು ಪ್ರತಿ ಕೊಟ್ಟು ಸ್ವೀಕೃತಿ ತಗೊಳ್ಳಿ. ಅಷ್ಟಕ್ಕೇ ಅವರು ಬಂದು ಬೇಲಿ ಕೀಳಲ್ಲ, ರಕ್ಷಣೆ ಬೇಕಿದ್ದರೆ ಕೋರ್ಟಿನಿಂದಲೇ ನಿರ್ದೇಶನ ತರಬೇಕಾಗುತ್ತದೆ. ಇಷ್ಟು ಮಾಡಿದರೆ ಗೆದ್ದೇ ಗೆಲ್ಲುತ್ತೀರಿ ಅಂತ ನಾನು ಹೇಳಲಾರೆ. ಆದೇಶದಲ್ಲಿ ಬರೆದ ಚಕ್ಕುಬಂದಿಗೂ (ಜಾಗದ ನಾಲ್ಕು ದಿಕ್ಕಿನ ಗಡಿ) ಮಣ್ಣು ಬಿದ್ದ ಜಾಗಕ್ಕೂ ತಾಳೆಯಾಗದಿದ್ದರೆ ಅದು ಇನ್ನೊಂದು ತಲೆನೋವು.

ಎದುರಿನ ಪಕ್ಷದವರಿಗೂ ಒಂದು ಮಾತು. "ಆ ಆದೇಶವೇ ತಪ್ಪು, ನಾನ್ಯಾಕೆ ಪಾಲಿಸಲಿ?" ಅನ್ನಬೇಡಿ. ತಪ್ಪಿದ್ದರೆ ರದ್ದು ಮಾಡಿಸಿ. ಆದೇಶ ಕೊಟ್ಟ ಕೋರ್ಟಿಗೆ ಆ ದಾವೆ ನಡೆಸುವ ಅಧಿಕಾರವೇ ಇರಲಿಲ್ಲ ಅಂತ ಆಮೇಲೆ ತೀರ್ಮಾನವಾದರೂ, ಅಲ್ಲಿಯವರೆಗೆ ಮೀರಿದ್ದಕ್ಕೆ ಶಿಕ್ಷೆ ತಪ್ಪಲ್ಲ ಅಂತ ಸುಪ್ರೀಂ ಕೋರ್ಟ್ 1997ರಲ್ಲೇ ಹಿಂದ್ ರಬ್ಬರ್ ಪ್ರಕರಣದಲ್ಲಿ ಹೇಳಿದೆ.

ಆ ಹೊಸನಗರದ ಹಿರಿಯರ ಮಗ ಜೆಸಿಬಿ ಬಂದ ದಿನ ರಾತ್ರಿಯೇ ಗುದ್ದಲಿ ಹಿಡಿದು ಹೊರಟಿದ್ದ. ಫೋನಿನಲ್ಲಿ ಬೈದು ನಿಲ್ಲಿಸಿದೆ. ಹೋಗಿದ್ದರೆ ಅವನ ಮೇಲೇ ಕ್ರಿಮಿನಲ್ ಕೇಸು ಬೀಳುತ್ತಿತ್ತು. ಬದಲಿಗೆ ಜಾಗ ಪರಿಶೀಲಿಸಲು ಕೋರ್ಟ್ ಕಮಿಷನರ್ ನೇಮಕ ಕೇಳಿದೆವು. ಅವರು ಜಾಗ ನೋಡಿ, ಅಳೆದು, ಜೆಸಿಬಿಯ ಹಲ್ಲಿನ ಗುರುತಿನ ಫೋಟೊ ಸಮೇತ ವರದಿ ಕೊಟ್ಟರು. ದಾರಿಯನ್ನು ಮೊದಲಿನಂತೆ ಮಾಡಿಕೊಡಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಕಲಂನಡಿ ಬೇರೆ ಅರ್ಜಿ ಹಾಕಿದೆವು. ಆ ಆದೇಶ ಬಂದ ಸಂಜೆಯೇ ಹಿರಿಯರು ನನಗೆ ಫೋನ್ ಮಾಡಿ ಕೇಳಿದರು: "ಸರ್, ಪ್ರತಿ ಯಾವಾಗ ಸಿಗುತ್ತೆ? ಅವನಿಗೆ ನಾನೇ ಕೊಟ್ಟು ಸಹಿ ಹಾಕಿಸಿಕೊಂಡು ಬರ್ತೀನಿ."