ಗಾಮ ನಮ್ಮ ಮಲ್ಪೆಗೆ ಬಂದಿದ್ದು ಹೌದಾ?

"ಸೇಂಟ್ ಮೇರೀಸ್ ದ್ವೀಪಕ್ಕೆ ವಾಸ್ಕೋ ಡ ಗಾಮ ಬಂದಿದ್ದು ಹೌದಾ? ಮಕ್ಕಳು ಕೇಳಿದರೆ ಸಾಹಸಿ ಅನ್ನಬೇಕಾ, ಕಟುಕ ಅನ್ನಬೇಕಾ?" ಮಲ್ಪೆಯಲ್ಲಿ ಬೋಟ್ ಹತ್ತಿ ಹೋಗಿ ಬಂದವರೆಲ್ಲ ಕೇಳುವ ಪ್ರಶ್ನೆ. ಎಷ್ಟು ಸಲ ಹೇಳಿದ್ದೇನೋ, ಇನ್ನೊಮ್ಮೆ ಹೇಳುತ್ತೇನೆ.

ಬಂದಿದ್ದು ಹೌದು. ಆದರೆ ಕಲ್ಲಿಕೋಟೆಗೆ ಹೋಗುವ ಮೊದಲಲ್ಲ. 1498ರ ಮೇ ತಿಂಗಳಲ್ಲಿ ಕಲ್ಲಿಕೋಟೆ ಮುಟ್ಟಿದವನು ಆಗಸ್ಟ್ ಕೊನೆಗೆ ವಾಪಸ್ ಹೊರಟು, ಸೆಪ್ಟೆಂಬರಿನಲ್ಲಿ ಇಲ್ಲಿ ನಿಂತ. ಮೀನು ತಂದ ದೋಣಿಯವರಿಗೆ ಅಂಗಿ ಕೊಟ್ಟ, ಇಲ್ಲೊಂದು ಕಂಬ ನೆಡಲಾ ಅಂತ ಕೇಳಿದ, ಅವರೂ ಖುಷಿಯಿಂದ ಒಪ್ಪಿದರು ಅಂತ ಜೊತೆಗಿದ್ದವನೊಬ್ಬ ದಿನಚರಿಯಲ್ಲಿ ಬರೆದಿದ್ದಾನೆ. ಆ ಕಂಬದ ಹೆಸರು ಸಾಂತಾ ಮರಿಯಾ, ಅಂದರೆ ಸೇಂಟ್ ಮೇರಿ.

ನಾಲ್ಕು ವರ್ಷ ಬಿಟ್ಟು ಅವನೇ ಮತ್ತೆ ಬಂದ. 1502ರಲ್ಲಿ, ಕಣ್ಣೂರಿನ ಕಡಲಲ್ಲಿ, ಮೆಕ್ಕಾ ಯಾತ್ರೆ ಮುಗಿಸಿ ಬರುತ್ತಿದ್ದ 'ಮೀರಿ' ಎಂಬ ಹಡಗನ್ನು ತಡೆದ. ಇದ್ದದ್ದನ್ನೆಲ್ಲ ದೋಚಿ ಬೆಂಕಿ ಹಚ್ಚಿಸಿದ. ಒಳಗೆ ನೂರಾರು ಜನ. ಹೆಂಗಸರು ಮೈಮೇಲಿನ ಒಡವೆ ತೋರಿಸಿದರು, ಕೂಸುಗಳನ್ನು ಎತ್ತಿ ಹಿಡಿದು ಬೇಡಿಕೊಂಡರು.

ಇಷ್ಟು ಹೇಳಿದ ಕೂಡಲೇ "ಆ ಕಾಲದಲ್ಲಿ ಎಲ್ಲರೂ ಹಾಗೇ ಅಲ್ವಾ" ಅನ್ನುತ್ತಾರೆ. ಅಲ್ಲ ಮಾರಾಯ್ರೆ! ಆ ಹೆಂಗಸರ ವಿಷಯ ನಮಗೆ ಗೊತ್ತಾದದ್ದೇ ತೊಮೆ ಲೋಪೆಸ್ ಎಂಬವನಿಂದ. ಅವನೂ ಪೋರ್ಚುಗೀಸರ ಕಡೆಯವನೇ, ಅದೇ ಹಡಗುಪಡೆಯಲ್ಲಿ ಬರವಣಿಗೆ ಕೆಲಸ ಮಾಡುತ್ತಿದ್ದವನು. ಕಣ್ಣಾರೆ ಕಂಡು, ಆ ದಿನವನ್ನು ಬದುಕಿರುವಷ್ಟು ಕಾಲ ಮರೆಯಲಾರೆ ಅಂತ ಬರೆದಿಟ್ಟ. ಆ ಕಾಲದವನಿಗೇ ತಪ್ಪು ಅನಿಸಿದ್ದಕ್ಕೆ ನಾವು ಯಾಕೆ ಕಾಲದ ನೆಪ ಹೇಳಬೇಕು? ದುಡ್ಡಿನಾಸೆ ಅಂತಲೂ ಹೇಳುವ ಹಾಗಿಲ್ಲ, ಜೀವ ಉಳಿಸಿದರೆ ಹಡಗು ತುಂಬ ಸಂಬಾರ ಪದಾರ್ಥ ಕೊಡಿಸುತ್ತೇವೆ ಅಂದಿದ್ದರು ಒಳಗಿದ್ದ ಶ್ರೀಮಂತರು, ಗಾಮ ಒಪ್ಪಲಿಲ್ಲ. 1500ರಲ್ಲಿ ಕಲ್ಲಿಕೋಟೆಯಲ್ಲಿ ಪೋರ್ಚುಗೀಸರನ್ನು ಕೊಂದಿದ್ದರು, ಆ ಸಿಟ್ಟಿತ್ತು, ನಿಜ. ಯಾತ್ರೆ ಮುಗಿಸಿ ಬರುತ್ತಿದ್ದ ಕೂಸುಗಳು ಅದಕ್ಕೇನು ಮಾಡಿದ್ದವು?

ಆಫ್ರಿಕಾ ಸುತ್ತಿ ಬಂದದ್ದು ದೊಡ್ಡ ಸಾಹಸವೇ. ಅದನ್ನೂ ಹೇಳಿ. ಪೂರ್ವ ಆಫ್ರಿಕಾದ ಬಂದರು ಮಲಿಂದಿಯಿಂದ ಈಚೆಗೆ ದಾರಿ ತೋರಿಸಿದ್ದು ಈ ಕಡಲು ಬಲ್ಲ ಒಬ್ಬ ನಾವಿಕ, ಅದನ್ನೂ ಸೇರಿಸಿ. ಮೀರಿ ಹಡಗಿನದ್ದು ಮಾತ್ರ ಬಿಡಬೇಡಿ, ಹತ್ತು ವರ್ಷದ ಮಕ್ಕಳಿಗೆ ಅರ್ಥವಾಗುತ್ತದೆ.

ಅಂದ ಹಾಗೆ, ದ್ವೀಪದಲ್ಲಿ ಸಾಲಾಗಿ ನಿಂತಿರುವ ಕಲ್ಲುಕಂಬಗಳು ಗಾಮ ನೆಟ್ಟದ್ದಲ್ಲ. ಸುಮಾರು 8.8 ಕೋಟಿ ವರ್ಷದ ಹಿಂದೆ, ಮಡಗಾಸ್ಕರ್ ನಮ್ಮ ಕರಾವಳಿಗೆ ಅಂಟಿಕೊಂಡಿದ್ದ ಕಾಲದಲ್ಲಿ, ಹರಿದ ಲಾವಾ ತಣಿದು ಕುಗ್ಗುವಾಗ ಬಿರುಕುಬಿಟ್ಟು ಆದದ್ದು. ಮುಂದಿನ ಸಲ ಹೋದಾಗ ಮಕ್ಕಳ ಹತ್ತಿರ ಒಂದೊಂದು ಕಂಬದ ಮುಖ ಎಣಿಸಲು ಹೇಳಿ. ಐದೋ ಆರೋ ಸಿಗುವುದೇ ಜಾಸ್ತಿ.