ಮಂಗಳದ ಗಡಿಯಾರ ಎರಡೇ ದಿನಕ್ಕೆ ತಪ್ಪುವುದೇಕೆ?

ಪ್ರಶ್ನೆ: ನಮ್ಮ ಸಾಲಿ ಮಾಳಗಿ ಮ್ಯಾಲೆ ‘ಲೋಕಲೋಕದ ಕಾಲ ವೀಕ್ಷಣಾಲಯ’ ಅಂತ ಒಂದು ಕಲ್ಪನೆಯ ಮಾದರಿ ಮಾಡಾಕತ್ತೀವ್ರಿ. ಭೂಮಿ, ಚಂದ್ರ, ಮಂಗಳ ಮೂರರ ಟೈಮ್ ತೋರಸಬೇಕು. ಮಂಗಳದ್ದು ಎರಡು ದಿನದಾಗ ತಪ್ಪಾಕತ್ತೈತಿ. ಯಾಕ್ರಿ? (ಕೊಪ್ಪಳ)

ಉತ್ತರ: ಮಂಗಳದ ಒಂದು ದಿನ, ಅಂದರೆ ಒಂದು ‘ಸೋಲ್’, ನಮ್ಮ ಲೆಕ್ಕದಲ್ಲಿ 24 ಗಂಟೆ 39 ನಿಮಿಷ 35.244 ಸೆಕೆಂಡು. ಅಲ್ಲಿಯೂ ದಿನಕ್ಕೆ 24 ಗಂಟೆಯನ್ನೇ ಇಟ್ಟುಕೊಂಡು, ಗಂಟೆ, ನಿಮಿಷ, ಸೆಕೆಂಡನ್ನು ಒಂದೇ ಪ್ರಮಾಣದಲ್ಲಿ ಹಿಗ್ಗಿಸುವುದು ರೂಢಿ. ಹಾಗಾಗಿ ಮಂಗಳದ ಒಂದು ಸೆಕೆಂಡು ನಮ್ಮ 1.02749125 ಸೆಕೆಂಡು.

ಎಡವುವುದು ಇಲ್ಲೇ. ಒಂದೊಂದು ಟಿಕ್ಕಿಗೆ 1027 ಮಿಲಿಸೆಕೆಂಡು ಕಾಯುವಂತೆ ಪ್ರೋಗ್ರಾಮ್ ಬರೆಯುತ್ತಾರೆ. ಬಿಟ್ಟ ಚೂರು ಅರ್ಧ ಮಿಲಿಸೆಕೆಂಡಿಗೂ ಕಡಿಮೆ, ನಿಜ. ಆದರೆ ಒಂದು ಸೋಲ್‌ಗೆ 86,400 ಸಲ ಬಿಟ್ಟರೆ ಗಡಿಯಾರ 42 ಸೆಕೆಂಡು ಮುಂದೆ ಓಡುತ್ತದೆ. ಅದರ ಮೇಲೆ, ಇಂಥ ಮಾದರಿಗಳಿಗೆ ಬಳಸುವ ಪುಟ್ಟ ಕಂಪ್ಯೂಟರ್ ಆರ್ಡುಯಿನೊ ಊನೊ ಬೋರ್ಡಿನ ಗತಿ ನಡೆಯುವುದು ಸೆರಾಮಿಕ್ ರೆಸೊನೇಟರ್ (ಕ್ವಾರ್ಟ್ಜ್ ಹರಳಿನಷ್ಟು ನಿಖರವಲ್ಲದ, ಮಿಡಿಯುವ ಬಿಡಿಭಾಗ) ನೆಚ್ಚಿಕೊಂಡು. ಅದು ಸಾವಿರಕ್ಕೆ ಒಂದು ಪಾಲು ತಪ್ಪಿದರೂ ದಿನಕ್ಕೆ 86 ಸೆಕೆಂಡು ಹೋಯಿತು.

ಟಿಕ್ ಎಣಿಸುವುದನ್ನೇ ಬಿಡಿ. ಪ್ರತಿ ಸಲವೂ ಭೂಮಿಯ ಸಮಯ ಓದಿ, ಮಂಗಳದ್ದನ್ನು ಹೊಸದಾಗಿ ಲೆಕ್ಕ ಹಾಕಿ. ಯೂನಿಕ್ಸ್ ಸಮಯಕ್ಕೆ (1970ರ ಜನವರಿ 1ರಿಂದ ಕಳೆದ ಸೆಕೆಂಡುಗಳು) 3029659020.5 ಕೂಡಿಸಿ, 88775.24415ರಿಂದ ಭಾಗಿಸಿ. ಪೂರ್ಣಾಂಕ ಬಂದದ್ದು ಸೋಲ್ ಸಂಖ್ಯೆ. ದಶಾಂಶದ ಭಾಗವನ್ನು 24ರಿಂದ ಗುಣಿಸಿದರೆ ಗಂಟೆ. ಇದು ಏರಿ-0 ಕುಳಿಯ ಸಮಯ. ಮಂಗಳಕ್ಕೆ ಅದೇ ಗ್ರೀನಿಚ್. ಈಗಿನ ಲೀಪ್ ಸೆಕೆಂಡುಗಳು (ಭೂಮಿಯ ತಿರುಗಾಟಕ್ಕೆ ಹೊಂದಿಸಲು ಗಡಿಯಾರಕ್ಕೆ ಆಗಾಗ ಸೇರಿಸಿದ ಸೆಕೆಂಡುಗಳು) ಕೂಡಿಸುವ ಆ ಅಂಕಿಯಲ್ಲೇ ಸೇರಿವೆ.

ಲೆಕ್ಕ ಸರಿಯಿದ್ದೂ ಕೆಡಲು ಎರಡು ದಾರಿಗಳಿವೆ. ಯೂನಿಕ್ಸ್ ಸಮಯದ ಜಾಗದಲ್ಲಿ ಭಾರತೀಯ ಸಮಯ ತುಂಬಿದರೆ ಮಂಗಳ 5 ಗಂಟೆ 21 ನಿಮಿಷ ಮುಂದೆ ನಿಲ್ಲುತ್ತದೆ; ಐದೂವರೆ ಗಂಟೆ ಮೊದಲು ಕಳೆಯಬೇಕು. ಇನ್ನೊಂದು ಕಣ್ಣಿಗೆ ಬೀಳದ್ದು. ಊನೊದಲ್ಲಿ ‘ಡಬಲ್’ (ಹೆಚ್ಚು ಅಂಕಿ ಹಿಡಿಯುವ, ಸಾಮಾನ್ಯವಾಗಿ 64 ಬಿಟ್‌ನ ದಶಾಂಶ ಸಂಖ್ಯೆ) ಎಂದು ಬರೆದರೂ ಸಿಗುವುದು 32 ಬಿಟ್ ಮಾತ್ರ. ಇಷ್ಟು ದೊಡ್ಡ ಸಂಖ್ಯೆಯನ್ನು ಅದು 512ರ ಮೆಟ್ಟಿಲುಗಳಲ್ಲಷ್ಟೇ ಹಿಡಿಯಬಲ್ಲದು. ಗಡಿಯಾರ ಎಂಟೂವರೆ ನಿಮಿಷ ಸುಮ್ಮನೆ ಕೂತು, ಒಮ್ಮೆಲೇ ಜಿಗಿಯುತ್ತದೆ. ಇಎಸ್‌ಪಿ32 ಬೋರ್ಡಿನಲ್ಲಿ 64 ಬಿಟ್ ಸಿಗುತ್ತದೆ, ಅದನ್ನೇ ಹಾಕಿ.

ಭೂಮಿಯ ಸಮಯ ಕಾಯಲು, ಸ್ವಂತ ಸೆಲ್ ಇರುವ ಗಡಿಯಾರದ ಚಿಪ್ ಡಿಎಸ್3231ರ ಮಾಡ್ಯೂಲ್ ಒಳ್ಳೆಯದು. ನಮ್ಮ ಕಡೆ ಬಿಸಿಲನ್ನು ಲೆಕ್ಕಕ್ಕೆ ತೆಗೆದುಕೊಳ್ಳದೆ ಆಗದು. ಸಾದಾ ಕ್ವಾರ್ಟ್ಜ್ ಹರಳು 25 ಡಿಗ್ರಿಯ ಆಸುಪಾಸಿಗೆ ಹೊಂದಿಸಿದ್ದು. ರಾಯಚೂರಿನ ಮೇ ತಿಂಗಳ 45 ಡಿಗ್ರಿಯಲ್ಲಿ ದಿನಕ್ಕೆ ಒಂದು ಸೆಕೆಂಡಿನ ಮೇಲೆ ಹಿಂದೆ ಬೀಳುತ್ತದೆ. ಮಾಳಿಗೆಯ ತಗಡಿನ ಡಬ್ಬಿಯೊಳಗೆ 60 ಮುಟ್ಟಿದರೆ ಮೂರೂವರೆ ಸೆಕೆಂಡು. ಡಿಎಸ್3231 ತಾಪ ಅಳೆದು ತನ್ನನ್ನೇ ತಿದ್ದಿಕೊಳ್ಳುವುದರಿಂದ ಸೆಕೆಂಡಿನ ಮೂರನೇ ಒಂದು ಪಾಲಿನೊಳಗೆ ಉಳಿಯುತ್ತದೆ. ಅಗ್ಗದ ಮಾಡ್ಯೂಲುಗಳಲ್ಲಿ ಸೆಲ್ ಚಾರ್ಜ್ ಮಾಡುವ ಸರ್ಕ್ಯೂಟ್ ಇರುತ್ತದೆ, ನೋಡಿಕೊಳ್ಳಿ: ಚಾರ್ಜ್ ಆಗದ ಸಿಆರ್2032 ಹಾಕಿ 5 ವೋಲ್ಟ್ ಕೊಟ್ಟರೆ ಸೆಲ್ ಉಬ್ಬಬಹುದು.

ಇನ್ನು ಭೂಮಿಯ ಗಡಿಯಾರ. ಕೇಳುವವರು ಕಡಿಮೆ, ತಪ್ಪುವವರು ಹೆಚ್ಚು. ಕೈಗಡಿಯಾರದ 12 ಗಂಟೆ 82.5 ಡಿಗ್ರಿ ರೇಖಾಂಶದ್ದು. ಕೊಪ್ಪಳ ಇರುವುದು 76.15ರಲ್ಲಿ. ಡಿಗ್ರಿಗೆ 4 ನಿಮಿಷದಂತೆ ನಿಮ್ಮ ನಡುಹಗಲು 25 ನಿಮಿಷ ತಡ, ಹಳೆಯ ಲೆಕ್ಕದ ಒಂದು ಗಳಿಗೆಗಿಂತ ಕೊಂಚ ಹೆಚ್ಚು. ಬಳ್ಳಾರಿಗೆ 22, ರಾಯಚೂರಿಗೆ 21 ನಿಮಿಷ. ಭೂಮಿಯ ಓಟದ ಏರಿಳಿತವೂ ಸೇರಿ ಕೊಪ್ಪಳದ ನಡುಹಗಲು ನವೆಂಬರ್ ಮೊದಲ ವಾರ 12:09ಕ್ಕೆ, ಫೆಬ್ರವರಿ ನಡುವೆ 12:40ಕ್ಕೆ ಬರುತ್ತದೆ.

ಅದನ್ನು ಕಣ್ಣಾರೆ ತೋರಿಸಲು ಒಂದು ಮೀಟರ್ ಕೋಲು ಸಾಕು. ನೆಲವನ್ನು ರಸಮಟ್ಟದಲ್ಲಿ, ಕೋಲನ್ನು ತೂಗುಗುಂಡಿನಲ್ಲಿ ನೋಡಿ ನಿಲ್ಲಿಸಿ, ಸುತ್ತ ವೃತ್ತ ಎಳೆಯಿರಿ. ನೆರಳಿನ ತುದಿ ಬೆಳಿಗ್ಗೆ ಒಮ್ಮೆ, ಮಧ್ಯಾಹ್ನದ ಮೇಲೆ ಒಮ್ಮೆ ವೃತ್ತ ಮುಟ್ಟುತ್ತದೆ. ಆ ಎರಡು ಗುರುತುಗಳ ನಡುಬಿಂದುವಿನಿಂದ ಕೋಲಿನ ಬುಡಕ್ಕೆ ಎಳೆದ ಗೆರೆಯೇ ಉತ್ತರ-ದಕ್ಷಿಣ. ನೆರಳು ಅದರ ಮೇಲೆ ಬಂದಾಗ ನಡುಹಗಲು. ಸೂರ್ಯ ಚುಕ್ಕಿಯಲ್ಲ, ಅರ್ಧ ಡಿಗ್ರಿ ಅಗಲದ ಬಿಂಬ. ಹಾಗಾಗಿ ತುದಿ ಒಂದು ಸೆಂಟಿಮೀಟರಿನಷ್ಟು ಮಸುಕು. ಕೋಲಿನ ತಲೆಗೆ 4 ಮಿಲಿಮೀಟರ್ ತೂತಿನ ತಗಡು ಕೂರಿಸಿ, ಬೆಳಕಿನ ಚುಕ್ಕಿಯ ನಡುವನ್ನು ಗುರುತಿಸಿ. ಡಿಸೆಂಬರ್ 21ರ ನಡುಹಗಲಿಗೆ ನೆರಳು ಉತ್ತರಕ್ಕೆ 80 ಸೆಂ.ಮೀ. ಬರಬೇಕು, ಜೂನ್ 21ಕ್ಕೆ ದಕ್ಷಿಣಕ್ಕೆ 14. ಬರದಿದ್ದರೆ ಕೋಲು ಓರೆ. ಇದೇ ಕೋಲು ಮಂಗಳದಲ್ಲಿದ್ದರೆ ಗಡಿಯಾರಕ್ಕೂ ನೆರಳಿಗೂ 51 ನಿಮಿಷದವರೆಗೆ ವ್ಯತ್ಯಾಸ. ಅದರ ಕಕ್ಷೆ ಅಷ್ಟು ಉದ್ದುದ್ದ.

ಚಂದ್ರನಿಗೆ ಸರ್ಕ್ಯೂಟೇ ಬೇಡ. ಅಲ್ಲಿನ ಒಂದು ದಿನ ಸರಾಸರಿ 29 ದಿನ 12 ಗಂಟೆ 44 ನಿಮಿಷ, ಅಂದರೆ ಸರಿಯಾಗಿ ನಮ್ಮ 30 ತಿಥಿ. ನಮಗೆ ಕಾಣುವ ಮುಖದ ನಟ್ಟನಡುವೆ ನಿಂತವರಿಗೆ ಶುಕ್ಲ ಅಷ್ಟಮಿಗೆ ಸೂರ್ಯೋದಯ, ಹುಣ್ಣಿಮೆಗೆ ನಡುಹಗಲು, ಅಮಾವಾಸ್ಯೆಗೆ ನಡುರಾತ್ರಿ. ರಟ್ಟಿನ ಚಕ್ರಕ್ಕೆ 24ರ ಬದಲು 30 ಮನೆ ಮಾಡಿ, ಒಂದೇ ಮುಳ್ಳು ಹಾಕಿ, ದಿನಾ ಬೆಳಿಗ್ಗೆ ಪಂಚಾಂಗ ನೋಡಿ ಒಬ್ಬ ಹುಡುಗ ತಿರುಗಿಸಿದರೆ ಸಾಕು.