ಮಗು ಬಾಯಿ ಬಿಡ್ಲಿಲ್ಲ ಅಂದ್ರೆ ಬಿಡಿಸಕ್ಕೆ ಹೋಗ್ಬೇಡಿ

ಶಿಡ್ಲಘಟ್ಟ, ಚಿಂತಾಮಣಿ ಕಡೆ ಶಾಲೆಗಳಿಗೆ ನಾನು ಕೌನ್ಸೆಲಿಂಗ್‌ಗೆ ಹೋದಾಗೆಲ್ಲ ಮೇಷ್ಟ್ರು, ಮಿಸ್ಸುಗಳು ಕೇಳೋದು ಒಂದೇ, "ಏನಾಗಿದೆ ಅಂತ ನೀವಾದ್ರೂ ಕೇಳಿ, ನಮ್ಮತ್ರ ಬಾಯೇ ಬಿಡಲ್ಲ." ಅವರ ಕಾಳಜಿ ನಿಜಾನೇ. ಆದ್ರೆ ನೊಂದ ಮಗು ಹತ್ರ ಮೊದಲು ಮಾಡ್ಬೇಕಾಗಿರೋ ಕೆಲಸ ಅದಲ್ಲ.

ಮನೇಲಿ ದಿನಾ ಕುಡಿತ, ಹೊಡೆದಾಟ ನೋಡಿರೋ ಅಥವಾ ತಾನೇ ಏಟು ತಿಂದಿರೋ ಮಗುವಿನ ಮೆದುಳು ಮುಂದಿನ ಏಟು ಯಾವ ಕಡೆಯಿಂದ ಬರುತ್ತೋ ಅಂತ ಕಾಯೋದನ್ನೇ ಅಭ್ಯಾಸ ಮಾಡ್ಕೊಂಡಿರುತ್ತೆ, ಅಪಾಯ ಗುರುತಿಸೋ ಅಮಿಗ್ಡಲಾ ಅನ್ನೋ ಭಾಗ ಬೆಂಚು ಎಳೆದ ಸದ್ದಿಗೂ ಎಚ್ಚೆತ್ಕೊಳ್ಳುತ್ತೆ, ಯೋಚನೆ ಮಾಡಿ ತಡ್ಕೊಳ್ಳೋ ಮುಂಭಾಗ ಆ ಹೊತ್ತಲ್ಲಿ ಸರಿಯಾಗಿ ಕೈಗೆ ಸಿಗಲ್ಲ. ಮಗು ಒಂದೋ ಜಗಳಕ್ಕೆ ಬೀಳುತ್ತೆ, ಇಲ್ಲ ಓಡಿ ಹೋಗುತ್ತೆ, ಇಲ್ಲ ಮರಗಟ್ಟಿ ಕೂತ್ಬಿಡುತ್ತೆ. ಜಗಳ ಆಡೋನನ್ನ ಮೊಂಡ ಅಂತೀವಿ, ಮರಗಟ್ಟಿ ಕೂತೋಳನ್ನ "ಪಾಪ, ಸೈಲೆಂಟ್ ಹುಡುಗಿ" ಅಂತ ಮರೆತೇಬಿಡ್ತೀವಿ, ನನಗೆ ಜಾಸ್ತಿ ಚಿಂತೆ ಆಗೋದು ಅವಳದ್ದೇ. ಬಿಸಿಯೂಟದ ಮೊಟ್ಟೆನ ತಿನ್ನದೆ ಬ್ಯಾಗಲ್ಲಿ ಬಚ್ಚಿಡೋದು, ಫಸ್ಟ್ ಪೀರಿಯಡ್‌ಗೇ ನಿದ್ದೆ ಹೋಗೋದು, ಇವನ್ನೂ ಒಂದು ಸಲ ಗಮನಿಸಿ.

ದೊಡ್ಡೋರಾದ್ರೆ ತಾನೇ ಮರೀತಾರೆ ಅಂತೀರಾ? 1998ರಲ್ಲಿ ಅಮೆರಿಕದಲ್ಲಿ ಫೆಲಿಟ್ಟಿ, ಆಂಡಾ ಮತ್ತೆ ಅವರ ಜೊತೆಯೋರು ಪ್ರಕಟಿಸಿದ ಅಧ್ಯಯನದಲ್ಲಿ ಬಾಲ್ಯದ ಕಷ್ಟದ ಅನುಭವ ಹೆಚ್ಚಿದಷ್ಟೂ ದೊಡ್ಡೋರಾದ ಮೇಲೆ ಖಿನ್ನತೆ, ಕುಡಿತ, ಹೃದಯದ ಕಾಯಿಲೆ ಹೆಚ್ಚು ಅಂತ ಕಂಡುಬಂತು. ಹಾಗಂತ ಹಣೆಬರಹ ಅಲ್ಲ, ನಂಬೋಕಾಗೋ ಒಬ್ಬ ದೊಡ್ಡೋರು ಜೊತೆಗಿದ್ರೂ ಮಕ್ಕಳು ತುಂಬಾ ಚೇತರಿಸ್ಕೊಳ್ತಾರೆ.

ಆ ಒಬ್ಬರು ಮೇಷ್ಟ್ರೇ ಆಗಬಹುದು, ಅದಕ್ಕೆ ಟ್ರೈನಿಂಗ್ ಸರ್ಟಿಫಿಕೇಟ್ ಏನೂ ಬೇಡ. ಇವತ್ತು ಏನೇನು ನಡೆಯುತ್ತೆ ಅಂತ ಬೆಳಿಗ್ಗೆನೇ ಬೋರ್ಡ್ ಮೇಲೆ ಬರೀರಿ, ನಾಳೆ ನೀವು ರಜ ಅಂದ್ರೆ ಇವತ್ತೇ ಹೇಳಿ, ಹಿಂದಿನಿಂದ ಬಂದು ಭುಜ ಮುಟ್ಬೇಡಿ, ಬಾಗಿಲ ಹತ್ರ ಕೂರ್ತೀನಿ ಅಂದ್ರೆ ಕೂರ್ಲಿ. ಟೇಬಲ್ ಮೇಲಿನ ಬೆತ್ತ ತೆಗೀರಿ, ಹೊಡೆಯಲ್ಲ, ಸುಮ್ನೆ ಇಟ್ಟಿದ್ದೀವಿ ಅಂದ್ರೂ ಆ ಮಗುಗೆ ಅದು ಸುಮ್ನೆ ಅಲ್ಲ, ಮತ್ತೆ 2009ರ ಶಿಕ್ಷಣ ಹಕ್ಕು ಕಾಯ್ದೆಯ 17ನೇ ಸೆಕ್ಷನ್ ಹೊಡೆಯೋದನ್ನೂ, ಮಾನಸಿಕ ಹಿಂಸೇನೂ ನಿಷೇಧಿಸಿದೆ. ಸ್ಟಾಫ್ ರೂಮಲ್ಲಿ ನಾಲ್ಕು ಜನರ ಮುಂದೆ ನಿಲ್ಲಿಸಿ ವಿಚಾರಣೆ ಮಾಡೋದಂತೂ ದಯವಿಟ್ಟು ಬೇಡ, ಒಬ್ಬೊಬ್ಬರಿಗೂ ಮೊದಲಿಂದ ಹೇಳೋವಾಗ ಮಗು ಮತ್ತೆ ಅದೇ ಅನುಭವಿಸುತ್ತೆ.

ತಾನಾಗೇ ಹೇಳಿದ್ರೆ? ಅಡ್ಡ ಬರ್ದೆ ಕೇಳಿಸ್ಕೊಳ್ಳಿ, "ಯಾರಿಗೂ ಹೇಳಲ್ಲ" ಅಂತ ಮಾತು ಕೊಡಬೇಡಿ, ಮಗು ಬಳಸಿದ ಪದಗಳಲ್ಲೇ ಬರೆದಿಡಿ. ಲೈಂಗಿಕ ದೌರ್ಜನ್ಯ ಆದ್ರೆ 2012ರ ಪೋಕ್ಸೋ ಕಾಯ್ದೆ ಪ್ರಕಾರ ಪೊಲೀಸರಿಗೆ ತಿಳಿಸಲೇಬೇಕು, ಸ್ಕೂಲ್ ಹೆಸರು ಹಾಳಾಗುತ್ತೆ, ಊರಲ್ಲಿ ರಾಜಿ ಆಗಿದೆ ಅನ್ನೋದು ಯಾವುದೂ ನೆಪ ಆಗಲ್ಲ. ಹೇಳಿಕೆ ತಗೊಳ್ಳೋ ಪೊಲೀಸರು ಯೂನಿಫಾರ್ಮ್‌ನಲ್ಲಿ ಇರಬಾರದು, ಮಗು ಮನೇಲೋ ಅಥವಾ ಅದು ಬಯಸಿದ ಜಾಗದಲ್ಲೋ ತಗೋಬೇಕು ಅಂತ ಅದೇ ಕಾಯ್ದೆ ಹೇಳುತ್ತೆ, ಇದನ್ನ ಅಪ್ಪ ಅಮ್ಮಂಗೂ ತಿಳಿಸಿ. ಯಾವುದೇ ತರ ಹಿಂಸೆ ಇದ್ರೂ ಮಕ್ಕಳ ಸಹಾಯವಾಣಿ 1098 ಇದೆ.

ಇಂಥವನ್ನ ಕೇಳಿ ಕೇಳಿ ರಾತ್ರಿ ನಿದ್ದೆ ಬರದೆ ಒದ್ದಾಡೋ ಟೀಚರುಗಳನ್ನೂ ನೋಡ್ತಿರ್ತೀನಿ. ನಿಮಗೂ ಯಾರಾದ್ರೂ ಬೇಕು, ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ, ಕನ್ನಡದಲ್ಲೇ ಮಾತಾಡಬಹುದು.